ಅಪ್ಪ ಅಂಟಿಸಿದ ಪಟ್ಟಿಗಳು

ದೀಪದವನು ಏಣಿಯ ಮೇಲಿಂದಲೇ ಕೂಗಿದ. "ಹಿಂದಿನ ಲೈಟು ಹಾಕ್ಲಾ ಮೇಡಂ? ಕಣ್ಣಿಗೆ ಹೊಡೆದ್ರೆ ನನ್ನ ಬೈಬೇಡಿ."

"ಹಾಕಿ, ಹಾಕಿ. ಬೈಯೋಕೆ ನಾಳೆ ಬೇಕಾದಷ್ಟು ಜನ ಬರ್ತಾರೆ," ಎಂದಳು ಗೀಚಿ.

ಟಪ್ಪೆಂದು ಸ್ವಿಚ್ಚು ಬಿತ್ತು. ಗೋಡೆಯುದ್ದಕ್ಕೂ ತೂಗುಹಾಕಿದ್ದ ಕಂದು ಕಾಗದಗಳೆಲ್ಲ ಒಮ್ಮೆಗೇ ಜೇನಿನ ಬಣ್ಣಕ್ಕೆ ತಿರುಗಿದವು. ಗೀಚಿಗೆ ಖುಷಿಯಾಯಿತು. ಆ ಖುಷಿ ಒಂದು ಉಸಿರಿನಷ್ಟು ಹೊತ್ತು ಉಳಿಯಿತು. ಮುಂದಿನ ಉಸಿರಿಗೆ ಅವಳ ಕಣ್ಣು ಸಾಲಿನ ನಡುವಿನ ಕಾಗದದ ಮೇಲೆ ಬಿತ್ತು. ಅದರೊಳಗೆ ಒಂದು ಹಡಗು ಇತ್ತು.

ಗೀಚಿ ಎಂಬುದು ಅಪ್ಪ ಇಟ್ಟ ಅಡ್ಡಹೆಸರು. ಅಂಗಡಿಯ ಗೋಡೆ, ನೆಲ, ಗಿರಾಕಿಗಳ ಬಟ್ಟೆಯ ಅಂಚು, ಸೀಮೆಸುಣ್ಣ ಸಿಕ್ಕಿದಲ್ಲೆಲ್ಲ ಗೀಚುತ್ತಿದ್ದ ಮಗುವಿಗೆ ಬೇರೆ ಏನೆಂದು ಕರೆಯುವುದು? ಕೂದಲು ಬೆಳ್ಳಗಾಗುತ್ತ ಬಂದರೂ, ಹೆಸರಾಂತ ಕಲಾವಿದೆ ಎಂದು ಜನ ಸೇರಿದ ಕಡೆ ಕುರ್ಚಿ ಕೊಡುವಂತಾದರೂ, ಮನೆಯವರ ಬಾಯಲ್ಲಿ ಅವಳು ಗೀಚಿಯಾಗಿಯೇ ಉಳಿದಿದ್ದಳು.

ಅಪ್ಪ ದರ್ಜಿ. ಬಟ್ಟೆಗೆ ಕತ್ತರಿ ಹಾಕುವ ಮೊದಲು ದಪ್ಪ ಕಂದು ಕಾಗದದಲ್ಲಿ ಅಂಗಿಯ ಆಕಾರ ಕತ್ತರಿಸಿಟ್ಟುಕೊಳ್ಳುವುದು ಅವನ ರೂಢಿ. ಅದನ್ನು ಅವನು ಅಚ್ಚು ಎನ್ನುತ್ತಿದ್ದ. ಒಂದು ಅಚ್ಚು ಮಾಡಿದರೆ ಅದನ್ನು ಎಸೆಯುವ ಮಾತಿಲ್ಲ. ಮೈ ದಪ್ಪವಾದರೆ ಅಂಚಿಗೆ ಕಾಗದದ ಪಟ್ಟಿ ಅಂಟಿಸುತ್ತಿದ್ದ, ಸಣ್ಣವಾದರೆ ಮಡಚುತ್ತಿದ್ದ. ಗಿರಾಕಿಗಳ ಅಚ್ಚುಗಳು ಅಂಗಡಿಯ ಒಂದು ಗೋಡೆಗೆ, ಮನೆಯವರದ್ದು ಬಾಗಿಲ ಹಿಂದಿನ ಬೇರೆಯೇ ಮೊಳೆಗೆ. ಮನೆಯವರ ಅಚ್ಚಿಗೆ ಹೆಸರು ಬರೆಯುತ್ತಿರಲಿಲ್ಲ. ಅಮ್ಮನದಕ್ಕೆ ಒಂದು ಎಲೆ, ಅಕ್ಕನದಕ್ಕೆ ಒಂದು ಗುಂಡಿ, ಗೀಚಿಯದಕ್ಕೆ ಸುಮ್ಮನೆ ಒಂದು ಗೀಚು.

ಅಪ್ಪ ಹೋಗಿ, ಆಮೇಲೆ ಅಮ್ಮನೂ ಹೋಗಿ, ಬೀಗ ಬಿದ್ದಿದ್ದ ಅಂಗಡಿಯನ್ನು ಕೆಡವುತ್ತಾರೆಂದು ಗೊತ್ತಾದಾಗ ಖಾಲಿ ಮಾಡಲು ಹೋದವಳು ಗೀಚಿ. ಮೊಳೆಯಲ್ಲಿ ಆ ಕಟ್ಟು ಹಾಗೇ ನೇತಾಡುತ್ತಿತ್ತು. "ಅಪ್ಪನ ಹಳೇ ಕಾಗದ ಒಂದಷ್ಟಿದೆ, ತಗೊಳ್ಲಾ?" ಎಂದು ಫೋನಿನಲ್ಲಿ ಅಕ್ಕನನ್ನು ಕೇಳಿದ್ದಳು. "ತಗೊ ಮಾರಾಯ್ತಿ, ಇಲಿ ತಿನ್ನೋ ಬದಲು," ಎಂದಿದ್ದಳು ಅಕ್ಕ.

ಅದೇ ಈಗ ಗೋಡೆಯ ಮೇಲಿತ್ತು. ಎಡತುದಿಯಲ್ಲಿ ಅಕ್ಕ ಕೂಸಾಗಿದ್ದಾಗಿನ ಅಂಗೈಯಗಲದ ಅಂಗಿ. ಅಲ್ಲಿಂದ ಗುಂಡಿಯ ಗುರುತಿನ ಅಚ್ಚುಗಳು ಒಂದಕ್ಕಿಂತ ಒಂದು ದೊಡ್ಡದಾಗುತ್ತ ನಡುವಿಗೆ ಬರುತ್ತಿದ್ದವು. ನಡುವಿನಿಂದಾಚೆಗೆ ಅಮ್ಮನ ಎಲೆಗಳು. ಅವು ವಯಸ್ಸಾದ ಹಾಗೆ ಕುಗ್ಗುತ್ತ, ಕೊನೆಗೆ ಮತ್ತೆ ಮಗುವಿನಷ್ಟೇ ಆಗಿ ಬಲತುದಿ ಸೇರುತ್ತಿದ್ದವು. ಗುಡ್ಡ ಏರಿ ಇಳಿದ ಹಾಗೆ. ಗುಡ್ಡದ ನೆತ್ತಿಯಲ್ಲಿ, ಬಾಗಿಲಿಗೆ ನೇರವಾಗಿ, ಎಲ್ಲಕ್ಕಿಂತ ಅಗಲದ ಅಚ್ಚು. ಸೊಂಟದ ಎರಡೂ ಕಡೆ ಪಟ್ಟಿಯ ಮೇಲೆ ಪಟ್ಟಿ, ಮುಂಭಾಗಕ್ಕೆ ನೆರಿಗೆಯ ಗುರುತು. ಅಕ್ಕ ಮದುವೆಯಾಗಿ ಬಸುರಿಯಾಗಿದ್ದಾಗಿನದು. ಹಾಗೆಂದೇ ಗೀಚಿ ನಂಬಿದ್ದಳು. ಅದರ ಕೆಳಗೆ ಚಿಕ್ಕ ಅಕ್ಷರದಲ್ಲಿ "ಅಕ್ಕ, ತಾಯಿಯಾಗುವ ಮೊದಲು" ಎಂದು ಬರೆಸಿ ಅಂಟಿಸಿಯೂ ಆಗಿತ್ತು.

ಈಗ ಬೆಳಕು ಹಿಂದಿನಿಂದ ಬಂದಾಗ ಪಟ್ಟಿಗಳ ಒಳಗಿದ್ದದ್ದು ಕಾಣುತ್ತಿತ್ತು. ಗಟ್ಟಿಯಾಗಲೆಂದು ಅಪ್ಪ ಎರಡು ಕಂದು ಕಾಗದದ ನಡುವೆ ಬಿಳಿ ಹಾಳೆ ಸೇರಿಸಿ ಅಂಟಿಸಿದ್ದ. ಆ ಬಿಳಿ ಹಾಳೆಯಲ್ಲಿ ಕಪ್ಪು ಸೀಸದ ಹಡಗು, ಹೊಗೆಕೊಳವೆ, ಕೊಳವೆಗಿಂತ ದೊಡ್ಡದೊಂದು ಮೀನು. ಮೂಲೆಯಲ್ಲಿ ಕೆಂಪು ಶಾಯಿಯಲ್ಲಿ ಟೀಚರ ಕೈಬರಹ: ಆರನೇ ತರಗತಿ, ಮೀನು ಇಷ್ಟು ದೊಡ್ಡದಿರುವುದಿಲ್ಲ.

ಗೀಚಿ ಹತ್ತಿರ ಹೋಗಿ ಮತ್ತೊಮ್ಮೆ ಓದಿದಳು.

ಆ ಹಡಗನ್ನು ಅವಳು ಮರೆತಿರಲಿಲ್ಲ. ದೊಡ್ಡಮ್ಮನ ಮನೆಗೆ ಹೊರಡುವ ಹಿಂದಿನ ವಾರ ಬರೆದದ್ದು. ಆ ವರ್ಷ ಅವಳನ್ನು ಇದ್ದಕ್ಕಿದ್ದಂತೆ ದೊಡ್ಡಮ್ಮನಲ್ಲಿಗೆ ಕಳಿಸಿದ್ದರು. ಅಲ್ಲಿಯ ಶಾಲೆ ಚೆನ್ನಾಗಿದೆ ಎಂದು ಅಮ್ಮ ಹೇಳಿದ್ದಳು. ವರ್ಷ ಕಳೆದು ಮರಳಿ ಬಂದಾಗ ಹಡಗು ಇರಲಿಲ್ಲ, ಅದಕ್ಕಾಗಿ ಅತ್ತು ರಂಪ ಮಾಡಿದ್ದಳು. ಅಕ್ಕ ಬಡಕಲಾಗಿದ್ದಳು. ಅಂಗಡಿಯ ಮೂಲೆಯಲ್ಲಿ ಕೂತು ಗುಂಡಿ ಹೊಲಿಯುತ್ತಿದ್ದಳು, ಕೇಳಿದ್ದಕ್ಕೆ ತಲೆಯಾಡಿಸುವುದಷ್ಟೇ. ಅಕ್ಕನಿಗೆ ಹುಷಾರಿರಲಿಲ್ಲ, ಕಾಡಬೇಡ, ಎಂದಿದ್ದಳು ಅಮ್ಮ. ಅಕ್ಕನ ಮದುವೆಯಾದದ್ದು ಅದಾಗಿ ಎಷ್ಟೋ ವರ್ಷಕ್ಕೆ, ಗೀಚಿ ಕಲಾಶಾಲೆಗೆ ಸೇರಿದ ಮೇಲೆ.

ಅಷ್ಟು ವರ್ಷ ಬೇರೆ ಬೇರೆ ಬಿದ್ದಿದ್ದ ತುಂಡುಗಳು ತಾವಾಗಿಯೇ ಬಂದು ಕೂಡಿಕೊಂಡವು. ಕೂಡಬೇಡಿ ಎಂದರೂ ಕೇಳಲಿಲ್ಲ.

"ಏನ್ ಮೇಡಂ, ಕಣ್ಣಿಗೆ ಹೊಡೀತಾ?" ದೀಪದವನು ಕೇಳಿದ.

"ಆರಿಸಿ," ಎಂದಳು ಗೀಚಿ. ದನಿ ತನ್ನದೇ ಎಂದು ಅವಳಿಗೆ ಅನಿಸಲಿಲ್ಲ.

"ಯಾಕೆ ಆರಿಸೋದು? ಮುಟ್ಟಬೇಡಿ!" ಗ್ಯಾಲರಿಯ ಒಡತಿ ಒಳಕೋಣೆಯಿಂದ ಚಪ್ಪಲಿ ಟಕಟಕಿಸುತ್ತ ಬಂದಳು. ಅವಳಿಗೆ ಯಾವುದನ್ನೂ ಮೆಲ್ಲಗೆ ಇಷ್ಟಪಡಲು ಬರುತ್ತಿರಲಿಲ್ಲ. ನಡುವಿನ ಅಚ್ಚಿನ ಮುಂದೆ ನಿಂತು ಎರಡೂ ಕೈ ಕೆನ್ನೆಗಿಟ್ಟುಕೊಂಡಳು. "ಅಯ್ಯೋ, ಒಳಗೆ ಹಡಗು! ಹೊಟ್ಟೆಯೊಳಗೆ ಹಡಗು! ಇದನ್ನ ನನಗೆ ಹೇಳದೇ ಇಟ್ಟುಕೊಂಡಿದ್ದೀರಲ್ಲ, ಕಿಲಾಡಿ ನೀವು." ಅಷ್ಟರಲ್ಲಿ ಫೋನು ತೆಗೆದು ಫೋಟೋ ಹೊಡೆದಾಗಿತ್ತು. "ಪತ್ರಿಕೆಯವರಿಗೆ ಇದೇ ಹೋಗಬೇಕು. ಇಡೀ ಪ್ರದರ್ಶನದ ಜೀವ ಇದು."

"ಈಗಲೇ ಕಳಿಸಬೇಡಿ. ನಾಳೆ ನೋಡೋಣ."

"ನಾಳೆ ಸಂಜೆಗೆ ಕಳಿಸ್ತೀನಿ. ಬೆಳಕು ಮಾತ್ರ ಹೀಗೇ ಇರಬೇಕು, ಹೇಳಿಬಿಟ್ಟಿದ್ದೀನಿ."

ಇಪ್ಪತ್ತು ವರ್ಷ ಅವಳು ಮಾಡಿದ್ದು ಇದೇ ಕೆಲಸ. ಹಳೇ ಸಾಮಾನಿನ ಬೀದಿಯಲ್ಲಿ ರಾಶಿಯೊಳಗೆ ಕೈಹಾಕಿ ಯಾರದೋ ಕನ್ನಡಕ, ಯಾರದೋ ಮದುವೆಯ ಆಲ್ಬಂ, ಯಾರದೋ ಹಲ್ಲಿನ ಸೆಟ್ಟು ಹೆಕ್ಕಿ ತರುವುದು, ಜೋಡಿಸುವುದು, ದೀಪ ಹಾಕುವುದು. ಅಪ್ಪಣೆ ಯಾರದು ಎಂದು ಯಾರಾದರೂ ಕೇಳಿದರೆ ಉತ್ತರ ನಾಲಿಗೆಯ ತುದಿಯಲ್ಲಿರುತ್ತಿತ್ತು: ಬಿಟ್ಟುಹೋದದ್ದಕ್ಕೆ ಒಡೆಯರಿಲ್ಲ. ಕೇಳಿದವರು ತಲೆದೂಗುತ್ತಿದ್ದರು. ಒಮ್ಮೆ ಕನ್ನಡಕಗಳ ಗೋಡೆಯ ಮುಂದೆ ಒಬ್ಬ ಗಂಡಸು ಬಹಳ ಹೊತ್ತು ನಿಂತಿದ್ದು, "ಆ ಮೇಲಿನದ್ದನ್ನ ಒಂದ್ಸಲ ಕೈಗೆ ಕೊಡ್ತೀರಾ?" ಎಂದು ಕೇಳಿದ್ದ. ಪ್ರದರ್ಶನದ ವಸ್ತು ಮುಟ್ಟುವಂತಿಲ್ಲ ಎಂದು ಅವಳು ನಯವಾಗಿ ಹೇಳಿದ್ದಳು. ಆಮೇಲೆ ಗೆಳೆಯರ ನಡುವೆ ಅದನ್ನು ತಮಾಷೆಯ ಕತೆ ಮಾಡಿ ಎಷ್ಟು ಸಲ ಹೇಳಿದ್ದಳೋ. ಈಗ ಆ ಮನುಷ್ಯನ ಮುಖ ನೆನಪಿಗೆ ಬರುತ್ತಿರಲಿಲ್ಲ. ಅವನು ಕೈ ಚಾಚಿದ್ದು ಮಾತ್ರ ಬರುತ್ತಿತ್ತು.

ನಾಳೆ ಸಂಜೆ ಅಕ್ಕ ಬರುತ್ತಾಳೆ. ಭಾವ ಬರುತ್ತಾನೆ. ಅಕ್ಕನ ಮಗಳು ಬರುತ್ತಾಳೆ. ಭಾವ ಭೂಮಾಪನ ಇಲಾಖೆಯವನು. ಗೆರೆ, ಅಂಕಿ, ತಾರೀಕು ಕಂಡರೆ ಬಿಡುವ ಜಾತಿಯಲ್ಲ. ಮ್ಯೂಸಿಯಮ್ಮಿಗೆ ಹೋದರೆ ಬೆಂಕಿ ಆರಿಸುವ ಡಬ್ಬಿಯ ಮೇಲಿನ ಸೂಚನೆಯನ್ನೂ ಪೂರ್ತಿ ಓದಿಯೇ ಮುಂದಿನ ಕೋಣೆಗೆ ಕಾಲಿಡುವವನು. ಅವನು ಆ ಕೆಂಪು ಅಕ್ಷರಗಳನ್ನು ಓದದೇ ಬಿಡುತ್ತಾನೆಯೇ? ನಾದಿನಿ ಆರನೇ ತರಗತಿಯಲ್ಲಿದ್ದಾಗ ಹೆಂಡತಿ ಎಲ್ಲಿದ್ದಳು, ತಾನೆಲ್ಲಿದ್ದೆ ಎಂದು ಲೆಕ್ಕ ಹಾಕಲು ಅವನಿಗೆ ಬೆರಳೂ ಬೇಕಾಗದು.

ಬೆಳಕು ಆರಿಸಿದರೆ ಭಾವನಿಗೆ ಕಾಣದು, ಸರಿ. ಅಕ್ಕನಿಗೆ? ತನ್ನ ಮೈಯ ಅಳತೆ ಅಕ್ಕನಿಗೆ ಕತ್ತಲಲ್ಲೂ ಗೊತ್ತಾಗುತ್ತದೆ.

*

ಸಂಜೆ ಅವಳು ಅಕ್ಕನ ಮನೆಯ ಬಾಗಿಲು ತಟ್ಟಿದಾಗ ಒಳಗೆ ಹೊಲಿಗೆ ಯಂತ್ರ ಗರಗರ ಎನ್ನುತ್ತಿತ್ತು. ಅಕ್ಕ ಪರದೆ ಹೊಲಿಯುತ್ತಿದ್ದಳು. ಅಪ್ಪನ ಕೈಯೇ ಅವಳಿಗೆ ಬಂದಿದ್ದರೂ ಅವಳು ಅಂಗಿ, ಲಂಗ ಏನನ್ನೂ ಹೊಲಿಯುತ್ತಿರಲಿಲ್ಲ. ಯಾರಾದರೂ ಒತ್ತಾಯ ಮಾಡಿದರೆ, "ನಾನು ಕಿಟಕಿಗೆ ಮಾತ್ರ ಹೊಲಿಯೋದು. ಕಿಟಕಿ ದಪ್ಪ ಆಗಲ್ಲ, ಸಣ್ಣ ಆಗಲ್ಲ, ಬಿಗಿಯಾಯ್ತು ಅಂತ ಗೊಣಗಲ್ಲ," ಎಂದು ನಗಿಸುತ್ತಿದ್ದಳು. ಗೀಚಿಯೂ ಎಷ್ಟೋ ಸಲ ನಕ್ಕಿದ್ದಳು.

"ಬಾರಮ್ಮ ದೊಡ್ಡ ಕಲಾವಿದೆ!" ಭಾವ ಪತ್ರಿಕೆ ಮಡಚಿಟ್ಟ. "ನಾಳೆ ಎಷ್ಟು ಹೊತ್ತಿಗೆ ಶುರು? ನಾನು ಬೇಗ ಬಂದು ಎಲ್ಲಾ ಬೋರ್ಡೂ ಓದಬೇಕು. ಹೋದ ಸಲ ಅರ್ಧಕ್ಕೇ ದೀಪ ಆರಿಸಿ ಹೊರಗೆ ಹಾಕಿದ್ರು."

"ಅಪ್ಪ, ನೀನು ಓದ್ತಾ ನಿಂತ್ರೆ ಜನ ನಿನ್ನನ್ನೂ ಪ್ರದರ್ಶನದ ಸಾಮಾನು ಅಂದ್ಕೋತಾರೆ," ಎಂದಳು ಮಗಳು. ಕಾಲೇಜು ಓದುವ ಹುಡುಗಿ, ನಾಲಿಗೆ ಕತ್ತರಿಯಂಥದ್ದು. "ಚಿಕ್ಕಮ್ಮ, ಅಮ್ಮನ ಚಿಕ್ಕವಯಸ್ಸಿನ ಅಂಗಿ ಎಲ್ಲ ಇದೆಯಂತೆ? ಅಮ್ಮ ನಿಜವಾಗಲೂ ತೆಳ್ಳಗಿದ್ಳಾ, ಇಲ್ಲಾ ಸುಮ್ಮನೆ ಬೊಗಳೆನಾ?"

"ತೆಳ್ಳಗಿದ್ಳು," ಎಂದಳು ಗೀಚಿ.

"ಅಂಗಿ ಅಲ್ಲವೇ ಮರಿ, ಕಾಗದ," ಅಕ್ಕ ದಾರ ಕಡಿಯುತ್ತ ಹೇಳಿದಳು. "ನನ್ನ ಅಚ್ಚು ಇನ್ನೂ ಉಳಿದಿದೆ ಅಂತ ನನಗೇ ಗೊತ್ತಿರಲಿಲ್ಲ. ಇವಳು ನಿನ್ನೆ ಹೇಳಿದಾಗಲೇ ಗೊತ್ತಾಗಿದ್ದು. ಯಾಕೆ ನಿಂತೇ ಇದ್ದೀಯ ಗೀಚಿ? ಕೂತ್ಕೊ. ಮುಖ ಯಾಕೆ ಹಾಗಿದೆ? ಊಟ ಮಾಡಿದ್ಯಾ?"

"ಆಯ್ತು," ಎಂದಳು. ಆಗಿರಲಿಲ್ಲ.

ಕೂತಳು. ಭಾವ ತನ್ನ ಕಚೇರಿಯ ಕತೆ ಹೇಳಿದ. ಎರಡು ಮನೆಗಳ ನಡುವಿನ ಗೋಡೆ ಒಂದು ಗೇಣು ಆಚೆಗಿದೆಯೋ ಈಚೆಗಿದೆಯೋ ಎಂದು ಅಣ್ಣತಮ್ಮಂದಿರು ಕೊರಳಪಟ್ಟಿ ಹಿಡಿದ ಕತೆ. ತಾನು ಹಳೆಯ ನಕ್ಷೆ ಬೆಳಕಿಗೆ ಹಿಡಿದು ನೋಡಿ ತಿದ್ದಿದ ಗೆರೆಯನ್ನು ಪತ್ತೆ ಹಚ್ಚಿದೆ ಎಂದು ಅವನು ಹೇಳಿದಾಗ ಗೀಚಿ ಅಕ್ಕನ ಕಡೆ ನೋಡಿದಳು. ಅಕ್ಕ ಸೂಜಿಗೆ ದಾರ ಪೋಣಿಸುತ್ತಿದ್ದಳು. ಆ ಹಣೆಯಲ್ಲಿ, ಆ ಕೈಯಲ್ಲಿ, ಏನಾದರೂ ಬರೆದಿದೆಯೇ? ಇಷ್ಟು ವರ್ಷ ಗೀಚಿ ಅವಳ ಎದುರಿಗೆ ಕೂತು ಉಂಡಿದ್ದಾಳೆ, ಜಗಳ ಆಡಿದ್ದಾಳೆ, ಇವಳ ಮಗಳನ್ನು ಎತ್ತಿ ಆಡಿಸಿದ್ದಾಳೆ. ಏನೂ ಕಂಡಿರಲಿಲ್ಲ. ಸಾಮಾನು ನೋಡಿ ಬದುಕು ಹೇಳುತ್ತೇನೆ ಎಂದು ಊರೆಲ್ಲ ಹೇಳಿಕೊಂಡು ತಿರುಗಿದವಳಿಗೆ.

ಹೊರಡುವಾಗ ಅಕ್ಕ ಮೆಟ್ಟಿಲವರೆಗೆ ಬಂದಳು. ಈಗ ಹೇಳಬೇಕು. ಗೀಚಿ ಬಾಯಿ ತೆರೆದಳು. ಮೇಲೆ ಮಗಳು ಯಾವುದೋ ಹಾಡು ಗುನುಗುತ್ತಿದ್ದುದು ಕೇಳುತ್ತಿತ್ತು.

"ಅಕ್ಕ, ನಾಳೆ ಬೆಳಿಗ್ಗೆ ಬರ್ತೀಯಾ? ಒಬ್ಬಳೇ."

"ಒಬ್ಬಳೇ ಯಾಕೆ?"

"ಒಂದು ತೋರಿಸಬೇಕು. ಎಲ್ಲರೂ ನೋಡೋ ಮೊದಲು."

ಅಕ್ಕ ಅವಳನ್ನು ನೋಡಿದಳು. ನೋಟದಲ್ಲಿ ಮೊದಲು ತಮಾಷೆ ಇತ್ತು, ಆಮೇಲೆ ಇರಲಿಲ್ಲ. "ಯಾವ ಅಂಗಿ?" ಎಂದು ಕೇಳಿದಳು.

ಅಕ್ಕ ಕೈಯಲ್ಲಿದ್ದ ದಾರದ ತುಂಡನ್ನು ಬೆರಳಿಗೆ ಸುತ್ತಿ, ಬಿಚ್ಚಿ, ಮತ್ತೆ ಸುತ್ತಿದಳು. "ಬರ್ತೀನಿ," ಎಂದು ಮೆಟ್ಟಿಲು ಹತ್ತಿಹೋದಳು.

*

ಬೆಳಿಗ್ಗೆ ಗ್ಯಾಲರಿಯ ಬಾಗಿಲನ್ನು ಗೀಚಿಯೇ ತೆರೆದಳು. ಒಡತಿ ಬರುವುದು ಮಧ್ಯಾಹ್ನಕ್ಕೆ. ಹಿಂದಿನ ದೀಪ ಹಾಕಬೇಕೋ ಬೇಡವೋ ಎಂದು ಸ್ವಿಚ್ಚಿನ ಹತ್ತಿರ ನಿಂತೇ ಇದ್ದಳು. ಹಾಕದೆ ತೋರಿಸಿದರೆ ಮುಚ್ಚಿಟ್ಟ ಹಾಗೆ. ಹಾಕಿ ತೋರಿಸಿದರೆ ಹೊಡೆದ ಹಾಗೆ. ಹಾಕಿದಳು.

ಅಕ್ಕ ಚೀಲವನ್ನು ಎದೆಗೆ ಒತ್ತಿಕೊಂಡು ಎಡತುದಿಯಿಂದ ನಡೆದು ಬಂದಳು. ಕೂಸಿನ ಅಂಗಿಯ ಹತ್ತಿರ ನಕ್ಕಳು. "ಇಷ್ಟಿದ್ನಾ ನಾನು?" ಶಾಲೆಯ ಫ್ರಾಕಿನ ಹತ್ತಿರ, "ಇದರ ತೋಳು ಸದಾ ಕಚ್ತಿತ್ತು," ಎಂದಳು. ಅಲ್ಲಿಂದ ಮುಂದೆ ಮಾತು ನಿಂತಿತು. ನಡುವಿನ ಅಚ್ಚಿನ ಮುಂದೆ ಬಂದು ನಿಂತಳು.

ಹೊರಗೆ ಯಾರೋ ಅಂಗಡಿಯ ಷಟರ್ ಎತ್ತಿದ ಸದ್ದು.

ಅಕ್ಕ ಕೆಳಗಿನ ಬರಹ ಓದಿದಳು. ಹಡಗು ನೋಡಿದಳು. ಕೆಂಪು ಅಕ್ಷರ ನೋಡಿದಳು. ಕೈ ಎತ್ತಿ ಪಟ್ಟಿಗಳ ಅಂಚನ್ನು ಒಂದೊಂದಾಗಿ ಮುಟ್ಟುತ್ತ ಹೋದಳು, ಒಳಗಿನದರಿಂದ ಹೊರಗಿನದಕ್ಕೆ. ಬೈಯಲಿ, ಕೆನ್ನೆಗೆ ಹೊಡೆಯಲಿ, ಏನಾದರೂ ಆಗಲಿ ಎಂದು ಗೀಚಿಗೆ ಅನಿಸಿತು.

"ಇದು ಅಪ್ಪನ ಕೈ," ಎಂದಳು ಅಕ್ಕ.

"ಹೂಂ."

"ಅಮ್ಮ ಹೊಲಿದದ್ದು ಅಂದ್ಕೊಂಡಿದ್ದೆ."

ಗೀಚಿಗೆ ಅರ್ಥವಾಗಲಿಲ್ಲ. ಅಕ್ಕ ಅವಳ ಕಡೆ ತಿರುಗದೆಯೇ ಹೇಳುತ್ತ ಹೋದಳು. "ಅಪ್ಪನಿಗೆ ಹೇಳಿರಲಿಲ್ಲ. ಹೊಟ್ಟೆಯಲ್ಲಿ ನೀರು ತುಂಬೋ ಕಾಯಿಲೆ ಅಂತ ಅಮ್ಮ ಹೇಳಿದ್ಳು. ಅಪ್ಪ ನಂಬಿದ್ರು ಅಂತಾನೂ ಅವಳೇ ಹೇಳಿದ್ಳು. ನನ್ನನ್ನ ಹಿಂದಿನ ಕೋಣೆಯಲ್ಲಿ ಇಟ್ಟಿದ್ರು. ತಿಂಗಳಿಗೊಂದು ಅಂಗಿ ತಂದು ಕೊಡ್ತಿದ್ಳು, ಪ್ರತಿ ಸಲ ಸ್ವಲ್ಪ ಸಡಿಲ. ಅಮ್ಮನ ಹೊಲಿಗೆ ಹೇಗಿರ್ತಿತ್ತು ನಿನಗೆ ಗೊತ್ತಲ್ಲ, ಹಾವು ಹರಿದ ಹಾಗೆ. ಇದು ಹಾಗಿರಲಿಲ್ಲ. ಆದರೂ ನನಗೆ ಹೊಳೀಲಿಲ್ಲ ನೋಡು."

"ಅಕ್ಕ..."

"ಮೊದಲೆಲ್ಲ ಒಂದು ಗುಂಡಿ ಹಾಕೋದಿದ್ರೂ ಅಪ್ಪ ಟೇಪು ಹಿಡಿದು ಅಳೀತಿದ್ರು. ಆ ವರ್ಷ ಒಂದು ಸಲವೂ ನನ್ನ ಹತ್ತಿರ ಟೇಪು ತರಲಿಲ್ಲ. ಕಣ್ಣೆತ್ತಿ ನೋಡಲಿಲ್ಲ. ಹೇಸಿಗೆ ಪಟ್ಟುಕೊಂಡಿದ್ದಾರೆ ಅಂದ್ಕೊಂಡೆ. ಏನೂ ಗೊತ್ತಿಲ್ಲದೇ ಹೇಸಿಗೆ ಯಾಕೆ ಅಂತ ಯೋಚನೇನೂ ಮಾಡಲಿಲ್ಲ. ಅವರು ಹೋಗೋವರೆಗೂ ಹಾಗೇ ಅಂದ್ಕೊಂಡಿದ್ದೆ. ಹೋದ ಮೇಲೂ." ಅಕ್ಕನ ಬೆರಳು ನೆರಿಗೆಯ ಗುರುತಿನ ಮೇಲೆ ನಿಂತಿತ್ತು. ಸೀಮೆಸುಣ್ಣದ ಚಿಕ್ಕ ಚಿಕ್ಕ ಗೆರೆಗಳು, ಹೊಟ್ಟೆಯ ಮೇಲೆ ಬಟ್ಟೆ ಅಂಟದೆ ಇಳಿಬೀಳುವ ಹಾಗೆ. "ಟೇಪು ಹಿಡಿಯದೇನೇ ಕತ್ತರಿಸಿದ್ದಾರೆ. ಎಷ್ಟು ಸರಿಯಾಗಿ ಕೂರ್ತಿತ್ತು ಗೊತ್ತಾ?"

ಅಳು ಬರುತ್ತದೆ ಎಂದು ಗೀಚಿ ಕಾದಳು. ಅಕ್ಕ ಅಳಲಿಲ್ಲ. ಚೀಲದಿಂದ ಕರವಸ್ತ್ರ ತೆಗೆದು, ಸುಮ್ಮನೆ ಮಡಚಿ, ಮತ್ತೆ ಒಳಗಿಟ್ಟಳು.

"ಮಗು..." ಗೀಚಿ ಕೇಳಬಾರದೆಂದುಕೊಂಡೇ ಕೇಳಿದಳು.

"ಹೆಣ್ಣು. ಯಾರೋ ತಗೊಂಡು ಹೋದ್ರು. ಮುಂದಿನದು ಕೇಳಬೇಡ."

ಅಕ್ಕ ಈಗ ತಿರುಗಿದಳು. ಮುಖದಲ್ಲಿ ಬೇರೆಯೇ ಏನೋ ಬಂದಿತ್ತು. "ನೀನು ನನ್ನ ಕೇಳಬೇಕಿತ್ತು."

"ಕೇಳಿದ್ದೆನಲ್ಲ ಅಕ್ಕ, ಫೋನಲ್ಲಿ..."

"ಕಾಗದ ಅಂದೆ. ಅಪ್ಪನ ಹಳೇ ಕಾಗದ ಅಂದೆ. ನಾನು ರದ್ದಿ ಅಂದ್ಕೊಂಡೆ."

"ಅಪ್ಪನ ಸಾಮಾನು ಅಂತ ನಾನು..."

"ಕಾಗದ ಅಪ್ಪಂದು. ಮೈ ನಂದು." ಅಕ್ಕ ದನಿ ಎತ್ತಿರಲಿಲ್ಲ. ಸಾಲನ್ನು ಆ ತುದಿಯಿಂದ ಈ ತುದಿಗೆ ನೋಡಿದಳು. "ಗುಂಡಿ ಇದೆ, ಎಲೆ ಇದೆ. ನಿಂದೆಲ್ಲಿ? ಅಪ್ಪ ನಿನಗೂ ಹೊಲಿದಿದ್ರಲ್ಲ?"

"ನಂದು ಹಾಕಿಲ್ಲ."

"ಯಾಕೆ?"

ಹುಟ್ಟಿನಿಂದಲೇ ಗೀಚಿಯ ಎಡಭುಜ ಇಳಿದಿತ್ತು. ಅಪ್ಪ ಆ ಕಡೆ ಅಚ್ಚನ್ನು ಓರೆಯಾಗಿ ಕತ್ತರಿಸಿ, ಅಂಗಿಯ ಒಳಗೆ ಹತ್ತಿ ಇಟ್ಟು ಹೊಲಿಯುತ್ತಿದ್ದ. ಆ ಸೊಟ್ಟ ಕಾಗದಗಳನ್ನು ಕಟ್ಟು ಬಿಚ್ಚಿದ ದಿನವೇ ಅವಳು ಬೇರೆ ತೆಗೆದು ಸುತ್ತಿ ಇಟ್ಟಿದ್ದಳು. ಸಾಲಿನ ಚಂದ ಕೆಡುತ್ತದೆ ಎಂದು ತನಗೆ ತಾನೇ ಹೇಳಿಕೊಂಡಿದ್ದಳು.

"ಚೆನ್ನಾಗಿ ಕಾಣಿಸ್ತಿರಲಿಲ್ಲ," ಎಂದಳು.

"ಓಹೋ," ಎಂದಳು ಅಕ್ಕ. ಅಷ್ಟೇ.

ಇಬ್ಬರೂ ಸೇರಿ ಅಚ್ಚನ್ನು ಇಳಿಸಿದರು, ಕೆಳಗಿನ ಬರಹವನ್ನೂ ಕಿತ್ತರು. ಅಕ್ಕ ಅದನ್ನು ಹಳೆಯ ಕೈಚಳಕದಲ್ಲಿ, ಒಂದು ಅಂಚೂ ಮುರಿಯದಂತೆ ಸುರುಳಿ ಸುತ್ತಿದಳು. ಒಂದು ಕ್ಷಣ ನಿಂತು, "ಹಡಗು ನಿಂದು. ಬೇಕಿದ್ರೆ ಬಿಡಿಸಿ ಕೊಡ್ತೀನಿ. ಅಪ್ಪನೂ ನಿನ್ನ ಕೇಳದೇ ತಗೊಂಡಿದ್ದಾರೆ," ಎಂದಳು.

"ಬೇಡ. ಅಲ್ಲೇ ಇರಲಿ."

ಗೋಡೆಯಲ್ಲಿ ಎರಡು ಕೊಕ್ಕೆ, ನಡುವೆ ಬರೀ ಬೆಳಕು. ಗೀಚಿ ಅದನ್ನೇ ನೋಡುತ್ತಿದ್ದಳು. ನೆತ್ತಿ ಇಲ್ಲದ ಗುಡ್ಡ. ಖಾಲಿ ಬೆಳಕು, ಎರಡು ಕೊಕ್ಕೆಯ ನೆರಳು. ಎಷ್ಟು ಚೆನ್ನಾಗಿದೆ! ಆ ಯೋಚನೆ ಬಂದದ್ದೇ ಅವಳಿಗೆ ಮೈ ಬಿಸಿಯಾಯಿತು. ಅಕ್ಕ ಅದನ್ನು ನೋಡಿಬಿಟ್ಟಿದ್ದಳು.

"ಖಾಲಿ ಜಾಗಾನೂ ಬಿಡಬೇಡ," ಎಂದಳು. "ಬಿಟ್ರೆ, ಇಲ್ಲೇನಿತ್ತು ಅಂತ ಕೇಳ್ತಾರೆ. ನಿಮ್ಮಂಥವರಿಗೆ ಖಾಲಿ ಜಾಗ ಅಂದ್ರೆ ಪಂಚಪ್ರಾಣ. ನೀನು ಉತ್ತರ ಹೇಳದೇ ನಿಂತ್ಕೋತೀಯ, ಅದೇ ದೊಡ್ಡ ಉತ್ತರ ಆಗತ್ತೆ. ನನಗೆ ಬೇಡ."

"ಸರಿ."

"ಸಂಜೆ ಬರ್ತೀವಿ. ಬರದಿದ್ರೆ ನಿಮ್ಮ ಭಾವ ಯಾಕೆ ಅಂತ ಪೀಡಿಸ್ತಾರೆ." ಬಾಗಿಲ ಹತ್ತಿರ ನಿಂತಳು. "ಮುಖ ಸರಿಮಾಡ್ಕೊ."

*

"ನಿಮಗೇನು ತಲೆ ಕೆಟ್ಟಿದೆಯಾ?" ಗ್ಯಾಲರಿಯ ಒಡತಿ ಗೋಡೆಯನ್ನೂ ಗೀಚಿಯನ್ನೂ ತಿರುಗಿ ತಿರುಗಿ ನೋಡಿದಳು. "ಅದು ಎಲ್ಲಿ? ಹಡಗಿಂದು?"

"ತೆಗೆದೆ."

"ಯಾಕೆ?"

ತನ್ನ ಕೆಲಸದ ಕೋಣೆಗೆ ಹೋಗಿ ಬರುವ ದಾರಿಯುದ್ದಕ್ಕೂ ಗೀಚಿ ನೂರು ಕಾರಣ ಹೊಂದಿಸಿದ್ದಳು. ಹರಿಯಿತು, ಹುಳ ಬಿದ್ದಿತ್ತು, ಮನೆಯವರು ಒಪ್ಪಲಿಲ್ಲ. ಮನೆಯವರು ಎಂದರೆ ಯಾರು ಎಂಬ ಪ್ರಶ್ನೆ ಬರುತ್ತದೆ. ಹರಿಯಿತು ಎಂದರೆ ಅಂಟಿಸೋಣ ಎನ್ನುತ್ತಾಳೆ. ಎಲ್ಲ ಕಾರಣಕ್ಕೂ ಒಂದೊಂದು ಬಾಗಿಲಿತ್ತು.

"ಅದು ಕೆಟ್ಟ ಕೆಲಸ," ಎಂದಳು ಕೊನೆಗೆ. "ನನಗೆ ಮೋಸ ಅನಿಸಿತು. ಅಗ್ಗದ ಕಣ್ಣೀರು. ಅದು ನನ್ನ ಹೆಸರಲ್ಲಿ ಗೋಡೆ ಮೇಲೆ ಇರೋದು ಬೇಡ."

"ನೀವು ಇಷ್ಟು ವರ್ಷದಲ್ಲಿ ಮಾಡಿರೋದ್ರಲ್ಲಿ ಅದೇ ಒಳ್ಳೇದು!"

"ನನಗೆ ಹಾಗನಿಸಲ್ಲ," ಎಂದಳು ಗೀಚಿ. "ಫೋಟೋನೂ ಅಳಿಸಿಬಿಡಿ. ನನ್ನ ಮುಂದೆ ಅಳಿಸಿ. ಇಲ್ಲಾಂದ್ರೆ ಇಡೀ ಸಾಲನ್ನೇ ಇಳಿಸ್ತೀನಿ."

ಒಡತಿ ಅವಳನ್ನು ಬಹಳ ಹೊತ್ತು ನೋಡಿದಳು. ವಯಸ್ಸಾದ ಹಾಗೆ ಕಲಾವಿದರಿಗೆ ತಮ್ಮ ಒಳ್ಳೆಯ ಕೆಲಸ ಯಾವುದೆಂದು ತಿಳಿಯದೆ ಹೋಗುತ್ತದೆ ಎಂಬರ್ಥದ ನೋಟ. ಫೋನು ತೆಗೆದು, ಗೀಚಿಗೆ ಕಾಣುವಂತೆ ಹಿಡಿದು, ಅಳಿಸಿದಳು. "ನಿಮ್ಮಿಷ್ಟ. ಆದರೆ ನಡುವೆ ಬಾಯಿ ತೆರೆದ ಹಾಗಿದೆಯಲ್ಲ, ಅಲ್ಲೇನು ಹಾಕ್ತೀರಿ?"

ಗೀಚಿ ತನ್ನ ಕೆಲಸದ ಕೋಣೆಯಿಂದ ತಂದಿದ್ದ ಸುರುಳಿಯನ್ನು ಬಿಚ್ಚಿದಳು. ಅದರಲ್ಲಿ ದೊಡ್ಡದನ್ನು ಆರಿಸಿ ಕೊಕ್ಕೆಗೆ ಸಿಕ್ಕಿಸಿದಳು. ಎಡಭುಜ ಬಲಕ್ಕಿಂತ ಮೂರು ಬೆರಳು ಕೆಳಗೆ. ಮೂಲೆಯಲ್ಲಿ ಅಪ್ಪನ ಗೀಚು. ಗುಡ್ಡ ನೆತ್ತಿಯಲ್ಲಿ ಕುಸಿದು ಒಂದು ಕಡೆ ವಾಲಿದಂತೆ ಕಂಡಿತು. ಇದೂ ಒಂದು ಜಾಣತನವೇ, ಇದನ್ನೂ ಚೆನ್ನಾಗಿ ಕಾಣಿಸಲೆಂದೇ ಹಾಕುತ್ತಿದ್ದೇನೆಯೇ ಎಂಬ ಅನುಮಾನ ಅವಳನ್ನು ಬಿಡಲಿಲ್ಲ. ದೂರ ಹೋಗಿ ನೋಡಿದಳು. ಇಲ್ಲ, ಚೆನ್ನಾಗಿ ಕಾಣುತ್ತಿರಲಿಲ್ಲ. ಸ್ವಲ್ಪ ಸಮಾಧಾನವಾಯಿತು.

*

ಸಂಜೆ ಜನ ತುಂಬಿದರು. ಗೀಚಿ ಒಬ್ಬೊಬ್ಬರ ಕೈ ಕುಲುಕುತ್ತ ಬಾಗಿಲನ್ನೇ ನೋಡುತ್ತಿದ್ದಳು. ಅಕ್ಕ ನೀಲಿ ಬಟ್ಟೆ ಉಟ್ಟು, ಗಂಡ ಮಗಳ ನಡುವೆ, ಏನೂ ಆಗದವಳಂತೆ ಬಂದಳು. ಭಾವ ಬಂದವನೇ ಕನ್ನಡಕ ಏರಿಸಿ ಎಡತುದಿಯಿಂದ ಶುರುಹಚ್ಚಿಕೊಂಡ. ಗೀಚಿ ಅವನ ಹಿಂದೆಯೇ ನೆರಳಿನ ಹಾಗೆ ನಡೆದಳು. ಎಲ್ಲಾದರೂ ಒಂದು ಪಟ್ಟಿ, ಒಂದು ಅಕ್ಷರ, ತಾನು ನೋಡದೇ ಬಿಟ್ಟದ್ದು ಉಳಿದಿದ್ದರೆ? ಭಾವ ಒಂದೊಂದರ ಮುಂದೆ ನಿಂತಾಗಲೂ ಅವಳೂ ನಿಂತು ಓದಿದಳು.

"ಏನ್ ನಾದಿನಿ, ಪೊಲೀಸಿನವರ ಹಾಗೆ ಹಿಂದೆ ಬರ್ತಿದ್ದೀಯ? ನಾನೇನು ಕದ್ದುಕೊಂಡು ಹೋಗ್ತೀನಾ?"

"ಇಲ್ಲ ಭಾವ, ಸುಮ್ಮನೆ."

ನಡುವಿನ ಅಚ್ಚಿನ ಮುಂದೆ ಅವನು ನಿಂತ. ಬಗ್ಗಿದ. ತಲೆಯನ್ನು ಎಡಕ್ಕೆ ವಾಲಿಸಿದ, ಬಲಕ್ಕೆ ವಾಲಿಸಿದ. "ಇದು ಸೊಟ್ಟ ಇದೆಯಲ್ಲ? ಮಾವನ ಕೈ ತಪ್ಪಿದ್ದು ನಾನು ಕಂಡೇ ಇಲ್ಲ. ಇದ್ಯಾರದು? ಗುಂಡಿನೂ ಇಲ್ಲ, ಎಲೆನೂ ಇಲ್ಲ."

ಗೀಚಿ ಬಾಯಿ ತೆರೆಯುವ ಮೊದಲೇ ಹಿಂದಿನಿಂದ ಅಕ್ಕನ ದನಿ ಬಂತು. ಸುತ್ತಲಿದ್ದವರಿಗೆಲ್ಲ ಕೇಳುವಷ್ಟು ಗಟ್ಟಿಯಾಗಿ. "ಇವಳದ್ದೇ. ಇವಳ ಒಂದು ಭುಜ ಇಳಿದಿದೆ. ಅಪ್ಪ ಒಳಗೆ ಹತ್ತಿ ಇಟ್ಟು ಸರಿಮಾಡ್ತಿದ್ರು. ಈಗಲೂ ಇವಳೇ ಇಟ್ಕೋತಾಳೆ, ಬೇಕಿದ್ರೆ ಮುಟ್ಟಿ ನೋಡಿ."

ಜನ ತಿರುಗಿದರು. ಕಾಗದದ ಭುಜ ನೋಡಿದರು, ಗೀಚಿಯ ಭುಜ ನೋಡಿದರು. ಯಾರೋ ಮೆತ್ತಗೆ ನಕ್ಕರು. ಅಕ್ಕನ ಮಗಳು, "ಹೌದಾ ಚಿಕ್ಕಮ್ಮ? ಇಷ್ಟು ದಿನ ನನಗೆ ಗೊತ್ತೇ ಆಗಿಲ್ಲ!" ಎಂದಳು. ಗೀಚಿಯ ಕಿವಿಯವರೆಗೆ ರಕ್ತ ಏರಿತು. ಕೈ ತಾನಾಗಿಯೇ ಭುಜಕ್ಕೆ ಹೋಯಿತು. ಅಂಗಿಯೊಳಗಿನ ಹತ್ತಿ ಬೆರಳಿಗೆ ಸಿಕ್ಕಿತು. ಅಲ್ಲಿಂದ ಓಡಿಹೋಗಬೇಕು ಎನಿಸಿತು. ದೀಪ ಆರಿಸಬೇಕು ಎನಿಸಿತು.

ಓಡಲಿಲ್ಲ. ಅಕ್ಕ ಅವಳ ಪಕ್ಕದಲ್ಲಿ ಬಂದು ನಿಂತಿದ್ದಳು, ಮುಂದಕ್ಕೆ ನೋಡುತ್ತ.

"ನಿಂದು ಯಾವುದಮ್ಮ ಇದರಲ್ಲಿ?" ಮಗಳು ಅಮ್ಮನನ್ನು ಕೇಳಿದಳು.

ಅಕ್ಕ ಕೈ ಎತ್ತಿ ಎಡತುದಿಯ ಅಂಗೈಯಗಲದ ಅಂಗಿಯನ್ನು ತೋರಿಸಿದಳು. ಅಲ್ಲಿಂದ ಬೆರಳನ್ನು ಸಾಲಿನುದ್ದಕ್ಕೂ ತರುತ್ತ, ಸೊಟ್ಟ ಕಾಗದದವರೆಗೆ ತಂದು ಇಳಿಸಿದಳು.

"ಇಲ್ಲಿವರೆಗೆ," ಎಂದಳು.

ಭಾವ ಅಷ್ಟರಲ್ಲಿ ಅಮ್ಮನ ಎಲೆಗಳ ಕಡೆ ಹೋಗಿ ಬಗ್ಗಿ ಓದುತ್ತಿದ್ದ.